ಬಲೆ ನೇಯ್ದವನೊಬ್ಬ, ಮೀನು ಹಿಡಿದವನೊಬ್ಬ

ಅಂಪೈರ್ ಆಗಿ ನಿಂತವನೇ ಪ್ಯಾಡ್ ಕಟ್ಕೊಂಡು ಬ್ಯಾಟಿಂಗಿಗೂ ಇಳಿದ್ರೆ ನಾವು ಸುಮ್ನೆ ಬಿಡ್ತೀವಾ? ಗಲ್ಲಿ ಕ್ರಿಕೆಟ್‌ನಲ್ಲಾದ್ರೆ ಬಿಡ್ತೀವಿ. ಆಡೋರೇ ಆರು ಜನ ಇರುವಾಗ ಅಂಪೈರನ್ನ ಬೇರೆ ಎಲ್ಲಿಂದ ತರೋದು? 1920ರ ದಶಕದ ಮೆಕ್ಸಿಕೋದ ಸಂಗೀತಲೋಕವೂ ಹೆಚ್ಚುಕಮ್ಮಿ ಇಂಥದ್ದೇ ಒಂದು ಗಲ್ಲಿ. ಹತ್ತು ವರ್ಷದ ಕ್ರಾಂತಿ, ರಕ್ತಪಾತ ಎಲ್ಲ ಮುಗಿದು ದೇಶ ಈಗಷ್ಟೇ ಉಸಿರು ಬಿಡ್ತಾ ಇತ್ತು. ಕಟ್ಟಬೇಕಾದ್ದು ಬೇಕಾದಷ್ಟಿತ್ತು, ಕಟ್ಟುವ ಕೈಗಳು ಕಡಿಮೆ. ಹಾಗಾಗಿ ಒಬ್ಬನೇ ಮನುಷ್ಯ ಪೇಪರಿಗೆ ಸಂಗೀತ ವಿಮರ್ಶೆ ಬರೆದ, ಸಂಗೀತ ಸಂಯೋಜಿಸಿದ, ಆರ್ಕೆಸ್ಟ್ರಾ ನಡೆಸಿದ, ಸಂಗೀತ ಕಾಲೇಜಿನ ಮುಖ್ಯಸ್ಥನಾದ, ಕೊನೆಗೆ ಸರ್ಕಾರದ ಇಲಾಖೆಯ ಕುರ್ಚಿಯಲ್ಲೂ ಕೂತ. ಹೆಸರು ಕಾರ್ಲೋಸ್ ಚಾವೆಸ್.

ಸಂಗೀತದ ಪುಸ್ತಕಗಳಲ್ಲಿ ಚಾವೆಸ್ ಸಿಗೋದು ಸಂಯೋಜಕನಾಗಿ. ನನಗೆ ಆತ ಇಷ್ಟವಾಗಿದ್ದು ವಿಮರ್ಶಕನಾಗಿ. ಅದಕ್ಕಿಂತ ಹೆಚ್ಚಾಗಿ, ಸಿನಿಮಾ ಅನ್ನುವ ಯಂತ್ರದ ಜೊತೆ ಆತನಿಗಿದ್ದ ವಿಚಿತ್ರ ಸಂಬಂಧದಿಂದ. ಆ ಸಂಬಂಧದಿಂದ ಒಂದು ಅದ್ಭುತ ಚಿತ್ರ ಹುಟ್ಟಿತು, ಒಂದು ಸ್ನೇಹ ಸತ್ತಿತು.

ಚಾವೆಸ್ ಹುಟ್ಟಿದ್ದು 1899ರಲ್ಲಿ, ಮೆಕ್ಸಿಕೋ ಸಿಟಿಯಲ್ಲಿ. ಬರೆಯೋ ಚಟ ಬೇಗ ಹತ್ತಿತು. 1916ರಲ್ಲಿ, ಅಂದ್ರೆ ಇನ್ನೂ ಹದಿಹರೆಯದ ಹುಡುಗನಾಗಿದ್ದಾಗ, ಗೆಳೆಯರ ಜೊತೆ ಸೇರಿ 'ಗ್ಲಾದಿಯೋಸ್' ಅನ್ನುವ ಸಾಂಸ್ಕೃತಿಕ ಪತ್ರಿಕೆ ಶುರು ಮಾಡಿದ. 1924ರಲ್ಲಿ 'ಎಲ್ ಉನಿವೆರ್ಸಾಲ್' ದಿನಪತ್ರಿಕೆ ಸೇರಿದ. ಮುಂದಿನ 36 ವರ್ಷಗಳಲ್ಲಿ ಆ ಒಂದೇ ಪತ್ರಿಕೆಗೆ 500ಕ್ಕೂ ಹೆಚ್ಚು ಲೇಖನ ಬರೆದ. ವಾರಕ್ಕೊಂದು ಕಾಲಂ ಹೊಂದಿಸೋಕೇ ಒದ್ದಾಡುವ ನಮ್ಮಂಥವರಿಗೆ ಇದು ಹೊಟ್ಟೆಕಿಚ್ಚಿನ ಲೆಕ್ಕ.

ಈ ನಡುವೆ ಯುರೋಪ್ ನೋಡಿ ಬಂದಾಗಿತ್ತು. ಆದರೆ ಆತನ ತಲೆ ತಿರುಗಿಸಿದ್ದು ನ್ಯೂಯಾರ್ಕ್. ಕಾರ್ಖಾನೆ, ಎತ್ತರದ ಕಟ್ಟಡ, ವೇಗ, ಸದ್ದು. ಆ ಕಾಲದ ಆತನ ಕೃತಿಗಳ ಹೆಸರು ನೋಡಿದರೆ ನಮ್ಮ ಇಂಜಿನಿಯರಿಂಗ್ ಸಿಲಬಸ್ ನೆನಪಾಗುತ್ತೆ: 'ಪೊಲಿಗೊನೋಸ್' ಅಂದ್ರೆ ಬಹುಭುಜಗಳು, 'ಎಕ್ಸಾಗೊನೋಸ್' ಅಂದ್ರೆ ಷಟ್ಕೋನಗಳು, 'ಎನೆರ್ಹಿಯಾ' ಅಂದ್ರೆ ಶಕ್ತಿ. ಒಂದಕ್ಕಂತೂ ಬರೀ '36' ಅಂತ ಹೆಸರಿಟ್ಟ.

ಹೆಸರೇನೋ ಬಂತು, ಹೊಟ್ಟೆಪಾಡು? ಊರಿಗೆ ಮರಳಿದ ಚಾವೆಸ್ ಮೆಕ್ಸಿಕೋ ಸಿಟಿಯ ಒಲಿಂಪಿಯಾ ಚಿತ್ರಮಂದಿರದಲ್ಲಿ ಮೂಕಿ ಚಿತ್ರಗಳಿಗೆ ಆರ್ಗನ್ ನುಡಿಸುವ ಕೆಲಸ ಹಿಡಿದ.

ಮೂಕಿ ಚಿತ್ರ ಅಂದ್ರೆ ನಾವು ಮೌನ ಅಂದ್ಕೋತೀವಿ. ನಿಜಕ್ಕೂ ಆ ಕಾಲದ ಚಿತ್ರಮಂದಿರ ಯಾವತ್ತೂ ಮೌನವಾಗಿರಲಿಲ್ಲ. ಸಣ್ಣ ಊರಾದರೆ ಒಂದು ಪಿಯಾನೋ, ದೊಡ್ಡ ಊರಾದರೆ ಆರ್ಗನ್, ಇನ್ನೂ ದೊಡ್ಡದಾದರೆ ಪರದೆಯ ಕೆಳಗಿನ ತಗ್ಗಿನಲ್ಲಿ ಇಡೀ ಆರ್ಕೆಸ್ಟ್ರಾ. ಮೇಲೆ ಕುದುರೆ ಓಡಿದರೆ ಕೆಳಗೆ ತಾಳ ಓಡಬೇಕು. ಮೇಲೆ ನಾಯಕಿ ಅತ್ತರೆ ಕೆಳಗೆ ಪಿಟೀಲು ಅಳಬೇಕು. ರೀಲು ಕಡಿದರೆ, ಜನ ಕೂಗೋದಕ್ಕೆ ಮುಂಚೆ ಏನಾದ್ರೂ ನುಡಿಸಿ ಸಂಭಾಳಿಸಬೇಕು. ವಾರಕ್ಕೆ ಇಷ್ಟು ಅಂತ ಸಂಬಳ, ದಿನಕ್ಕೆ ಹಲವು ಆಟ. ಸಂಗೀತ ಕಲಿತ ಹುಡುಗರಿಗೆ ಆಗ ಅದೊಂದು ದೊಡ್ಡ ಉದ್ಯೋಗ ಕ್ಷೇತ್ರ.

ಹೆಚ್ಚುಕಮ್ಮಿ ಅದೇ ಕಾಲಕ್ಕೆ ಅಮೆರಿಕದಲ್ಲಿ ಇನ್ನೊಬ್ಬ ಮೆಕ್ಸಿಕನ್ ಹುಡುಗ ಇದೇ ಕೆಲಸ ಮಾಡುತ್ತಿದ್ದ. ಸಿಲ್ವೆಸ್ತ್ರೆ ರೆವುಯೆಲ್ತಾಸ್. ಈತನೂ 1899ರವನೇ, ಡಿಸೆಂಬರ್ 31ಕ್ಕೆ ಹುಟ್ಟಿದವನು. ಊರು ದುರಾಂಗೊ ರಾಜ್ಯದ ಸಾಂತಿಯಾಗೊ ಪಾಪಾಸ್ಕಿಯಾರೊ, ನಮ್ಮಂಥವರ ಊರಿನ ಹಾಗೆ ಹೆಸರು ಹೇಳಿದರೆ "ಅದೆಲ್ಲಿ ಬರುತ್ತೆ?" ಅಂತ ಕೇಳಿಸಿಕೊಳ್ಳುವ ಊರು. ಪಿಟೀಲು ಕಲಿತಿದ್ದ. ಟೆಕ್ಸಸ್‌ನ ಸ್ಯಾನ್ ಆಂಟೋನಿಯೊದಲ್ಲಿ, ಆಮೇಲೆ ಅಲಬಾಮಾದ ಮೊಬೀಲ್‌ನಲ್ಲಿ ಥಿಯೇಟರ್ ಆರ್ಕೆಸ್ಟ್ರಾಗಳಲ್ಲಿ ನುಡಿಸುತ್ತಾ, ನಡೆಸುತ್ತಾ ಇದ್ದ. ಒಬ್ಬ ಆರ್ಗನ್ ಮುಂದೆ, ಇನ್ನೊಬ್ಬ ಪಿಟೀಲು ಹಿಡಿದು. ಇಬ್ಬರೂ ಪರದೆಯ ಕೆಳಗೆ ಕೂತು, ತಲೆಯೆತ್ತಿ ಸಿನಿಮಾ ನೋಡುತ್ತಾ ಅನ್ನ ತಿಂದವರು.

ಆ ಅನ್ನಕ್ಕೆ ಕಲ್ಲು ಬಿದ್ದಿದ್ದು 1927ರ ಅಕ್ಟೋಬರಿನಲ್ಲಿ. 'ದಿ ಜಾಝ್ ಸಿಂಗರ್' ಬಂತು, ಪರದೆ ಹಾಡತೊಡಗಿತು. ಎರಡು ಮೂರು ವರ್ಷಗಳಲ್ಲಿ ಅಮೆರಿಕದ ಚಿತ್ರಮಂದಿರಗಳಲ್ಲಿ ಸಾವಿರಾರು ವಾದ್ಯಗಾರರು ಕೆಲಸ ಕಳಕೊಂಡರು. 1930ರಲ್ಲಿ ಅಲ್ಲಿನ ಸಂಗೀತಗಾರರ ಸಂಘ 5 ಲಕ್ಷ ಡಾಲರಿಗೂ ಹೆಚ್ಚು ಸುರಿದು ದೇಶದ ಪೇಪರುಗಳಲ್ಲೆಲ್ಲ ಜಾಹೀರಾತು ಹಾಕಿಸಿತು. ಅದರಲ್ಲಿ ತಗಡಿನ ರೋಬೋಟ್ ಒಂದು ಸಂಗೀತ ನುಡಿಸುತ್ತಿರುವ ಚಿತ್ರ! ಡಬ್ಬಿಯಲ್ಲಿ ತುಂಬಿದ ಸಂಗೀತ ಬೇಡ, ಜೀವಂತ ಮನುಷ್ಯರನ್ನ ಉಳಿಸಿ ಅಂತ ಜನರಿಗೆ ಮೊರೆ. ಆ ಜಾಹೀರಾತುಗಳು ಇಂಟರ್ನೆಟ್ಟಿನಲ್ಲಿ ಸಿಗುತ್ತವೆ. ನೋಡಿದಾಗ ನಗು ಬರುತ್ತೆ. ಆಮೇಲೆ ನಮ್ಮ ಆಫೀಸಿನಲ್ಲಿ 'ಆಟೋಮೇಷನ್' ಅನ್ನುವ ಪದ ಬಂದ ಮೀಟಿಂಗಿನಲ್ಲಿ ಯಾರ್ಯಾರ ಮುಖ ಹೇಗಾಗಿತ್ತು ಅಂತ ನೆನಪಾಗಿ ನಗು ನಿಲ್ಲುತ್ತೆ.

ಮೆಕ್ಸಿಕೋದಲ್ಲೂ ವಾದ್ಯಗಾರರ ಸಂಘ ಇತ್ತು. ಆ ಸಂಘವೇ 1928ರಲ್ಲಿ ಒಂದು ಸಿಂಫನಿ ಆರ್ಕೆಸ್ಟ್ರಾ ಕಟ್ಟಿ, ನಡೆಸಿಕೊಡು ಅಂತ ಚಾವೆಸ್‌ನ ಕೈಗೆ ಕೋಲು ಕೊಟ್ಟಿತು. ದೇಶದ ಮೊದಲ ಕಾಯಂ ಆರ್ಕೆಸ್ಟ್ರಾ ಅದು. ಅದೇ ವರ್ಷದ ಡಿಸೆಂಬರಿನಲ್ಲಿ ರಾಷ್ಟ್ರೀಯ ಸಂಗೀತ ಶಾಲೆಯ ನಿರ್ದೇಶಕನ ಹುದ್ದೆಯೂ ಬಂತು. ಕೋಲು, ಕುರ್ಚಿ, ಪೇಪರ್ ಕಾಲಂ, ಮೂರೂ ಒಬ್ಬನ ಕೈಲಿ. ವಯಸ್ಸು 29.

ಚಾವೆಸ್ ಮಾಡಿದ ಮೊದಲ ಕೆಲಸಗಳಲ್ಲಿ ಒಂದು, ರೆವುಯೆಲ್ತಾಸ್‌ನನ್ನು ಅಮೆರಿಕದಿಂದ ಕರೆಸಿಕೊಂಡಿದ್ದು. ಚಿತ್ರಮಂದಿರದ ತಗ್ಗುಗಳು ಖಾಲಿಯಾಗುತ್ತಿದ್ದ ಹೊತ್ತಿಗೇ ಈ ಕರೆ ಬಂತು. 1929ರಿಂದ ರೆವುಯೆಲ್ತಾಸ್ ಆರ್ಕೆಸ್ಟ್ರಾದ ಸಹಾಯಕ ನಿರ್ದೇಶಕ. ಸುಮ್ಮನೆ ಬೇರೆಯವರದ್ದು ನುಡಿಸಬೇಡ, ನೀನೇ ಬರಿ ಅಂತ ಬೆನ್ನು ಹತ್ತಿ ಬರೆಸಿದವನೂ ಚಾವೆಸ್. ಮೂವತ್ತು ದಾಟಿದ ಮೇಲೆ ರೆವುಯೆಲ್ತಾಸ್ ಆರ್ಕೆಸ್ಟ್ರಾಕ್ಕೆ ಬರೆಯತೊಡಗಿದ. ಬರೆಯೋಕೆ ಸಿಕ್ಕಿದ್ದು ಬರೀ ಹತ್ತು ವರ್ಷ. ಅದನ್ನ ಆಮೇಲೆ ಹೇಳ್ತೀನಿ.

1932ರ ಮಾರ್ಚಿನ ಕೊನೆಯ ಎರಡು ದಿನ ನನಗೆ ಬಹಳ ಕುತೂಹಲದ್ದು. ಮಾರ್ಚ್ 30ಕ್ಕೆ ಮೆಕ್ಸಿಕೋ ಸಿಟಿಯಲ್ಲಿ 'ಸಾಂತಾ' ಬಿಡುಗಡೆಯಾಯಿತು. ಚಿತ್ರದ ಜೊತೆಗೇ ಧ್ವನಿಯನ್ನೂ ಮುದ್ರಿಸಿದ ಮೆಕ್ಸಿಕೋದ ಮೊದಲ ವಾಣಿಜ್ಯ ಟಾಕಿ ಅದು. ರೊದ್ರಿಗೆಸ್ ಅಣ್ಣತಮ್ಮಂದಿರು ತಾವೇ ರೂಪಿಸಿದ ಯಂತ್ರದಲ್ಲಿ ಧ್ವನಿ ಹಿಡಿದಿದ್ದರು. ಮಾರನೇ ದಿನ, ಮಾರ್ಚ್ 31ಕ್ಕೆ, ಅಮೆರಿಕದ ಫಿಲಡೆಲ್ಫಿಯಾದಲ್ಲಿ ಚಾವೆಸ್‌ನ ಬ್ಯಾಲೆ ರಂಗ ಏರಿತು. ಹೆಸರು 'ಎಚ್.ಪಿ.', ಹಾರ್ಸ್‌ಪವರ್! ನಡೆಸಿದ್ದು ಲಿಯೊಪೋಲ್ಡ್ ಸ್ಟೊಕೊವ್ಸ್ಕಿ, ವೇಷ ಮತ್ತು ರಂಗಸಜ್ಜಿಕೆ ಚಿತ್ರಕಾರ ದಿಯೇಗೊ ರಿವೇರಾನದು. ಉತ್ತರದ ಯಂತ್ರಗಳು, ದಕ್ಷಿಣದ ಅನಾನಸು ಬಾಳೆಹಣ್ಣುಗಳು ರಂಗದ ಮೇಲೆ ಕುಣಿದವು. ಯಂತ್ರಗಳನ್ನ ಸಂಗೀತದಲ್ಲಿ ಕುಣಿಸುತ್ತಿದ್ದವನಿಗೆ ಈಗ ಯಂತ್ರದೊಳಗೇ ಕೈ ಹಾಕುವ ಆಸೆ. ಅದೇ ವರ್ಷ ಆತ ಅಮೆರಿಕದ ಕ್ಯಾಮ್ಡೆನ್‌ನ ಆರ್‌ಸಿಎ ವಿಕ್ಟರ್ ಮತ್ತು ಬೆಲ್ ಟೆಲಿಫೋನ್ ಪ್ರಯೋಗಾಲಯಗಳಿಗೆ ಹೋಗಿ, ಧ್ವನಿಮುದ್ರಣ, ರೇಡಿಯೊ, ಟಾಕಿ ಸಿನಿಮಾ ಎಲ್ಲ ಹೇಗೆ ಕೆಲಸ ಮಾಡುತ್ತವೆ ಅಂತ ಕೂತು ಕಲಿತ.

ಕಲಿತದ್ದೆಲ್ಲ 1937ರಲ್ಲಿ ನ್ಯೂಯಾರ್ಕಿನಿಂದ ಇಂಗ್ಲಿಷ್ ಅನುವಾದದ ಪುಸ್ತಕವಾಗಿ ಬಂತು: 'ಟುವರ್ಡ್ ಎ ನ್ಯೂ ಮ್ಯೂಸಿಕ್', ಅಡಿಬರಹ 'ಮ್ಯೂಸಿಕ್ ಆ್ಯಂಡ್ ಎಲೆಕ್ಟ್ರಿಸಿಟಿ'. ಮೂಲ ಸ್ಪ್ಯಾನಿಷ್ ಪುಸ್ತಕವಾಗಿ ಹೊರಬಂದದ್ದು ಆತ ತೀರಿಕೊಂಡು ಎಷ್ಟೋ ವರ್ಷದ ಮೇಲೆ. ಸಂಗೀತ ವಿಮರ್ಶಕನೊಬ್ಬ ಮೈಕು, ಸ್ಪೀಕರು, ಫಿಲ್ಮ್ ರೀಲಿನ ಬಗ್ಗೆ ಅಧ್ಯಾಯ ಅಧ್ಯಾಯ ಬರೆದ ಪುಸ್ತಕ. ನಾವು ಇಂಜಿನಿಯರುಗಳು ಓದಬೇಕಾದ ಸಂಗೀತದ ಪುಸ್ತಕ ಅಂತ ಏನಾದ್ರೂ ಇದ್ರೆ ಅದು ಇದೇ.

ಆತನ ವಾದದ ತಿರುಳನ್ನ ನಮ್ಮ ಭಾಷೆಯಲ್ಲಿ ಹೀಗೆ ಹೇಳಬಹುದು. ಸಂಯೋಜಕ ಕಾಗದದ ಮೇಲೆ ಬರೆಯುವ ಸ್ವರಲಿಪಿ ಸಂಗೀತವಲ್ಲ, ಅದು ಬರೀ ಸೋರ್ಸ್ ಕೋಡ್. ಅದನ್ನ ಪ್ರತಿ ಸಲ ರನ್ ಮಾಡೋಕೆ ಮನುಷ್ಯರು ಬೇಕು, ಮತ್ತು ಪ್ರತಿ ಸಲವೂ ಔಟ್‌ಪುಟ್ ಬೇರೆ. ಚಿತ್ರಕಾರನಿಗೆ ಈ ತಲೆನೋವಿಲ್ಲ. ಆತ ಬಳಿದ ಬಣ್ಣ ಹಾಗೇ ನಿಲ್ಲುತ್ತೆ. ವಿದ್ಯುತ್ತಿನ ಯಂತ್ರಗಳು ಬಂದ ಮೇಲೆ ಸಂಯೋಜಕನೂ ತನಗೆ ಬೇಕಾದ ನಾದವನ್ನ ನೇರವಾಗಿ ಹಿಡಿದಿಡಬಹುದಲ್ಲ? ಹಾಗೆ ನೋಡಿದರೆ ಪಿಟೀಲು, ಪಿಯಾನೋ ಕೂಡ ಆಯಾ ಕಾಲದ ತಂತ್ರಜ್ಞಾನವೇ. ಪ್ರತಿ ಕಾಲದ ಸಂಗೀತವೂ ಆ ಕಾಲದ ಸಲಕರಣೆಗಳಿಂದಲೇ ಹುಟ್ಟಿದೆ. ಆತನ ಬರಹದ ಧಾಟಿಯಲ್ಲಿ ಭಯ ಇಲ್ಲ, ಕುತೂಹಲ ಇದೆ.

ಟಾಕಿ ಸಿನಿಮಾದ ಬಗ್ಗೆ ಬರೆಯುವಾಗಂತೂ ಆತನಿಗೆ ಹುಮ್ಮಸ್ಸು. ಸಿನಿಮಾದ ಧ್ವನಿ ಆಗ ರೀಲಿನ ಅಂಚಿನಲ್ಲೇ ಬೆಳಕಿನ ಗೆರೆಯಾಗಿ ಅಚ್ಚಾಗುತ್ತಿತ್ತು. ನಮ್ಮೂರ ಕಡೆ ಟೆಂಟ್ ಸಿನಿಮಾ ಬಂದಾಗ ಆಪರೇಟರ್ ಕತ್ತರಿಸಿ ಎಸೆದ ರೀಲಿನ ತುಂಡಿಗೆ ನಾವು ಹುಡುಗರು ಕಿತ್ತಾಡಿ, ಬಿಸಿಲಿಗೆ ಹಿಡಿದು ನೋಡುತ್ತಿದ್ದೆವು. ಚೌಕಗಳಲ್ಲಿ ಹೀರೋ ಇರುತ್ತಿದ್ದ, ಪಕ್ಕದಲ್ಲಿ ಒಂದು ಅಂಕುಡೊಂಕು ಪಟ್ಟಿ. ಆ ಪಟ್ಟಿಯೇ ಹಾಡು! ದೀಪದ ಬೆಳಕು ಅದರ ಮೂಲಕ ಹಾದು, ಹೆಚ್ಚುಕಡಿಮೆಯಾಗಿ, ಆ ಏರಿಳಿತ ವಿದ್ಯುತ್ತಾಗಿ, ಸ್ಪೀಕರಿನಲ್ಲಿ ಸದ್ದಾಗುತ್ತಿತ್ತು. ಚಿತ್ರವೂ ಸದ್ದೂ ಒಂದೇ ಪಟ್ಟಿಯ ಮೇಲೆ ಅಕ್ಕಪಕ್ಕ ಕೂತಿರುವಾಗ ಎರಡನ್ನೂ ಒಟ್ಟಿಗೇ ಯೋಚಿಸಿ ಕಟ್ಟಬೇಕು, ಸಂಗೀತವನ್ನ ಕೊನೆಗೆ ತಂದು ಅಂಟಿಸಬಾರದು ಅನ್ನೋದು ಚಾವೆಸ್‌ನ ನಿಲುವು. ಇವತ್ತಿಗೂ ಎಷ್ಟು ಚಿತ್ರಗಳಲ್ಲಿ ಇದು ನಡೆಯುತ್ತೆ ಹೇಳಿ?

ಬರೆದದ್ದನ್ನ ಮಾಡಿ ತೋರಿಸುವ ಅವಕಾಶ ಆತನಿಗೆ ಪುಸ್ತಕ ಬರುವ ಮೊದಲೇ ಸಿಕ್ಕಿತ್ತು. 1933ರಲ್ಲಿ ಚಾವೆಸ್ ಶಿಕ್ಷಣ ಸಚಿವಾಲಯದ ಲಲಿತಕಲೆಗಳ ಇಲಾಖೆಯ ಮುಖ್ಯಸ್ಥನಾದ. ಸಚಿವ ನಾರ್ಸಿಸೊ ಬಸ್ಸೋಲ್ಸ್ ಎಡಪಂಥೀಯ, ಓದು ಬಾರದ ಜನರಿಗೆ ಚಿತ್ರದ ಮೂಲಕ ವಿಷಯ ಮುಟ್ಟಿಸಬೇಕು ಅನ್ನೋನು. ಅಷ್ಟರಲ್ಲಾಗಲೇ ಚಾವೆಸ್‌ನ ಆಹ್ವಾನದ ಮೇಲೆ ಅಮೆರಿಕದ ಹೆಸರಾಂತ ಫೋಟೋಗ್ರಾಫರ್ ಪಾಲ್ ಸ್ಟ್ರಾಂಡ್ ಮೆಕ್ಸಿಕೋಗೆ ಬಂದಿದ್ದ. 1933ರ ಆರಂಭದಲ್ಲಿ ಸಚಿವಾಲಯದಲ್ಲೇ ಸ್ಟ್ರಾಂಡ್‌ನ ಚಿತ್ರಗಳ ಪ್ರದರ್ಶನ ನಡೆಯಿತು. ಹಾಗೆ ಹುಟ್ಟಿತು ಯೋಜನೆ: ಸರ್ಕಾರದ ದುಡ್ಡಿನಲ್ಲಿ, ಬಡ ಮೀನುಗಾರರ ಬದುಕಿನ ಬಗ್ಗೆ ಒಂದು ಚಿತ್ರ. ಹೆಸರು 'ರೆದೆಸ್', ಅಂದ್ರೆ ಬಲೆಗಳು. ಕಥೆ ಹೆಣೆಯೋದರಲ್ಲಿ ಚಾವೆಸ್‌ನ ಸೋದರಳಿಯನೂ ಸೇರಿಕೊಂಡ. ಸಂಗೀತ? ಅದನ್ನ ಕೇಳಬೇಕಾ, ಚಾವೆಸ್‌ನದೇ ಅಂತ ಲೆಕ್ಕ.

ಚಿತ್ರೀಕರಣ 1934ರಲ್ಲಿ, ವೆರಾಕ್ರೂಸ್ ರಾಜ್ಯದ ಅಲ್ವರಾದೊ ಅನ್ನುವ ಕಡಲ ತೀರದ ಹಳ್ಳಿಯಲ್ಲಿ. ನಟರೆಲ್ಲ ಬಹುತೇಕ ಅಲ್ಲಿನ ನಿಜವಾದ ಮೀನುಗಾರರು. ನಿರ್ದೇಶಕರು ಇಬ್ಬರು: ಮೆಕ್ಸಿಕೋದ ಎಮಿಲಿಯೊ ಗೊಮೆಸ್ ಮುರಿಯೆಲ್, ಆಸ್ಟ್ರಿಯಾದಿಂದ ಬಂದಿದ್ದ ಇಪ್ಪತ್ತೇಳರ ಫ್ರೆಡ್ ಜಿನ್ನೆಮನ್. ಮುಂದೆ 'ಹೈ ನೂನ್' ಮಾಡಿದ ಜಿನ್ನೆಮನ್ ಇವನೇ! ಕ್ಯಾಮೆರಾ ಸ್ಟ್ರಾಂಡ್‌ನದು. ಇಬ್ಬರಿಗೂ ತಿಕ್ಕಾಟ. ಸ್ಟ್ರಾಂಡ್‌ಗೆ ಪ್ರತಿ ಚೌಕಟ್ಟೂ ಗೋಡೆಗೆ ತೂಗುಹಾಕುವ ಫೋಟೋದಂತೆ ಅಲುಗಾಡದೆ ಇರಬೇಕು, ಜಿನ್ನೆಮನ್‌ಗೆ ಸಿನಿಮಾ ಅಂದ್ಮೇಲೆ ಚಲನೆ ಬೇಕು. ನೋಡುವಾಗ ಆ ಜಗಳ ಕಾಣುತ್ತೆ. ನನಗಂತೂ ಅದರಿಂದಲೇ ಚಿತ್ರಕ್ಕೆ ಒಂದು ಬಿಗಿ ಬಂದಿದೆ ಅನ್ನಿಸುತ್ತೆ.

ಕಥೆ ಸರಳ. ಮಿರೊ ಅನ್ನುವ ಮೀನುಗಾರನ ಮಗು, ಔಷಧಕ್ಕೆ ದುಡ್ಡಿಲ್ಲದೆ ಸಾಯುತ್ತೆ. ಮೀನು ಹಿಡಿಯೋರು ಇವರು, ಬೆಲೆ ಕಟ್ಟೋನು ಇನ್ನೊಬ್ಬ. ನಮ್ಮ ಈರುಳ್ಳಿ ಟೊಮೆಟೊ ಬೆಳೆಗಾರರಿಗೆ ಇದನ್ನ ವಿವರಿಸೋದೇ ಬೇಡ. ಮಿರೊ ಜನರನ್ನ ಒಟ್ಟುಗೂಡಿಸುತ್ತಾನೆ, ವ್ಯಾಪಾರಿಯ ಕಡೆಯ ರಾಜಕಾರಣಿ ಮೀನುಗಾರರನ್ನ ಎರಡು ಪಾಲು ಮಾಡಿ ಕಾದಾಡಿಸುತ್ತಾನೆ, ಗದ್ದಲದಲ್ಲಿ ಮಿರೊನನ್ನ ಗುಂಡಿಟ್ಟು ಕೊಲ್ಲಿಸುತ್ತಾನೆ. ಕೊನೆಗೆ ಕಾದಾಡಿದವರೆಲ್ಲ ಒಂದಾಗಿ ಹೆಣವನ್ನ ದೋಣಿಯಲ್ಲಿಟ್ಟು ಹುಟ್ಟು ಹಾಕುತ್ತಾರೆ. ಒಟ್ಟು ಒಂದು ಗಂಟೆ, ಮಾತು ಬಹಳ ಕಡಿಮೆ. ಅಂದ್ರೆ ಸಂಗೀತಕ್ಕೆ ಹೊರೆ ಬಹಳ ಹೆಚ್ಚು.

ಇಲ್ಲಿ ಬಂತು ನೋಡಿ, ನಮಗೆಲ್ಲ ಗೊತ್ತಿರುವ ಆ ಘಟ್ಟ. ಪ್ರೊಪೋಸಲ್ ಬರೆದು, ಬಜೆಟ್ ಪಾಸು ಮಾಡಿಸಿ, ಹೊರದೇಶದಿಂದ ತಜ್ಞರನ್ನ ಕರೆಸಿ, ಟೀಮ್ ಕಟ್ಟಿ, ಇನ್ನೇನು ತನ್ನ ಭಾಗದ ಕೆಲಸಕ್ಕೆ ಕೂರಬೇಕು ಅನ್ನುವಾಗ ರೀ-ಆರ್ಗ್! 1934ರ ಮೇ ತಿಂಗಳಲ್ಲಿ ಬಸ್ಸೋಲ್ಸ್ ಶಿಕ್ಷಣ ಖಾತೆ ಬಿಟ್ಟ. ಡಿಸೆಂಬರ್ 1ಕ್ಕೆ ಲಾಸರೊ ಕಾರ್ದೆನಾಸ್ ಅಧ್ಯಕ್ಷನಾದ. ಹೊಸ ಸರ್ಕಾರ, ಹೊಸ ಜನ. ಚಾವೆಸ್ ಕುರ್ಚಿ ಕಳಕೊಂಡ, ಕುರ್ಚಿಯ ಜೊತೆ ಚಿತ್ರದ ಸಂಗೀತವೂ ಹೋಯಿತು. ಅದು ಹೋಗಿ ಬಿದ್ದಿದ್ದು, ಬೇರೆ ಯಾರ ಕೈಗೂ ಅಲ್ಲ, ತಾನೇ ಕರೆತಂದು ಬೆಳೆಸಿದ ರೆವುಯೆಲ್ತಾಸ್ ಕೈಗೆ.

ರೆವುಯೆಲ್ತಾಸ್ ಆ ಅವಕಾಶವನ್ನ ಬೇಡ ಅನ್ನಬಹುದಿತ್ತಾ? ಅನ್ನಬಹುದಿತ್ತು. ಅನ್ನಲಿಲ್ಲ. 1935ರಲ್ಲಿ ಆತ ಚಾವೆಸ್‌ನ ಆರ್ಕೆಸ್ಟ್ರಾ ಬಿಟ್ಟ. 1936ರಲ್ಲಿ ಅದಕ್ಕೆ ಪ್ರತಿಸ್ಪರ್ಧಿಯಾಗಿ ಹುಟ್ಟಿದ ಇನ್ನೊಂದು ಆರ್ಕೆಸ್ಟ್ರಾಗೆ ನಾಯಕನಾದ. ಆ ಸ್ನೇಹ ಮತ್ತೆ ಮೊದಲಿನಂತಾಗಲಿಲ್ಲ.

ಜಗಳದಲ್ಲಿ ಯಾರು ಸರಿ ಅಂತ ತೀರ್ಪು ಕೊಡೋಕೆ ನನಗೆ ಆಸೆ ಇಲ್ಲ. ಆದರೆ ಸಂಗೀತದ ಬಗ್ಗೆ ತೀರ್ಪು ಕೊಡಬಲ್ಲೆ, ಚಿತ್ರ ನೋಡಿ. ಮಗುವಿನ ಶವಪೆಟ್ಟಿಗೆ ಹೊತ್ತು ಸಾಗುವ ದೃಶ್ಯದಲ್ಲಿ ರೆವುಯೆಲ್ತಾಸ್ ಅಳಿಸೋಕೆ ಹೋಗಲ್ಲ. ಭಾರ ಹೊತ್ತವರ ಹೆಜ್ಜೆ ಹೇಗೆ ಎಳೆದಾಡುತ್ತೋ ಹಾಗೆ ಸಂಗೀತ ಎಳೆದಾಡುತ್ತೆ. ಮೀನು ಹಿಡಿಯುವ ದೃಶ್ಯದಲ್ಲಿ ಬಲೆ ಎಳೆಯುವ ತೋಳುಗಳ ಸೆಳೆತ ತಾಳದಲ್ಲೇ ಇದೆ. ಕೊನೆಯ ದೋಣಿ ದೃಶ್ಯದಲ್ಲಿ ಹುಟ್ಟಿನ ಬಡಿತ ಒಂದೊಂದಾಗಿ ಕೂಡಿಕೊಳ್ಳುತ್ತಾ ಹೋಗುತ್ತೆ. ಮೇಲೆ ಏನು ನಡೆಯುತ್ತಿದೆ ಅಂತ ತಲೆಯೆತ್ತಿ ನೋಡುತ್ತಾ, ಕೈಯಲ್ಲಿ ನುಡಿಸುತ್ತಾ ವರ್ಷಗಟ್ಟಲೆ ಕಳೆದವನ ಸಂಗೀತ ಇದು. ಅಲಬಾಮಾದ ಆ ಕತ್ತಲೆ ತಗ್ಗಿನಲ್ಲಿ ಕಲಿತ ವಿದ್ಯೆ ದಂಡವಾಗಿಲ್ಲ. ಚಾವೆಸ್ ಪುಸ್ತಕದಲ್ಲಿ ಏನು ಕೇಳಿದನೋ, ಚಿತ್ರವೂ ನಾದವೂ ಒಂದೇ ಮೈಯಾಗಬೇಕು ಅಂತ, ಅದನ್ನ ಕೊಟ್ಟಿದ್ದು ಪ್ರಯೋಗಾಲಯಕ್ಕೆ ಹೋಗದೇ ಇದ್ದವನು. ಅದೂ ಚಿತ್ರೀಕರಣವೆಲ್ಲ ಮುಗಿದ ಮೇಲೆ, ಅಂದ್ರೆ ಚಾವೆಸ್ ಬೇಡ ಅಂದಿದ್ದ ಕ್ರಮದಲ್ಲೇ.

ಚಾವೆಸ್‌ಗೆ ಆ ಸಂಗೀತ ಬರೆಯೋ ಅವಕಾಶ ಸಿಕ್ಕಿದ್ದರೆ ಹೇಗಿರುತ್ತಿತ್ತು? ಆತನ ಸಂಗೀತದಲ್ಲಿ ಬೆನ್ನುಮೂಳೆ ಜಾಸ್ತಿ, ಬೆವರು ಕಡಿಮೆ ಅಂತ ನನ್ನ ಅನಿಸಿಕೆ. ಒಪ್ಪದವರು 'ಸಿಂಫೊನಿಯಾ ಇಂಡಿಯಾ' ಕೇಳಿ ನನ್ನನ್ನ ಬೈಯಬಹುದು. ಹೆಸರಲ್ಲಿರೋ ಇಂಡಿಯಾ ನಮ್ಮದಲ್ಲ. ಯಾಕಿ, ಸೇರಿ, ವಿಚೋಲ್ ಅನ್ನುವ ಅಲ್ಲಿನ ಮೂಲನಿವಾಸಿ ಜನರ ಧಾಟಿಗಳಿಂದ ಕಟ್ಟಿದ ಕೃತಿ ಅದು. ಮಜಾ ಏನಂದ್ರೆ, ಸಿನಿಮಾ ಕೈತಪ್ಪಿದ ಚಾವೆಸ್ ನ್ಯೂಯಾರ್ಕಿಗೆ ಹೋಗಿ ಅದನ್ನ ಬರೆದ, ಮತ್ತು ಅದು ಮೊದಲು ಕೇಳಿಸಿದ್ದು 1936ರ ಜನವರಿ 23ಕ್ಕೆ, ಸಿಬಿಎಸ್ ರೇಡಿಯೊದಲ್ಲಿ. ಪುಸ್ತಕದ ಒಂದು ಯಂತ್ರ ಕೈಕೊಟ್ಟರೆ ಇನ್ನೊಂದು ಕೈಹಿಡಿಯಿತು.

'ರೆದೆಸ್' ಬಿಡುಗಡೆಯಾಗಿದ್ದು 1936ರಲ್ಲಿ. ಮಾರನೇ ವರ್ಷ 'ದಿ ವೇವ್' ಅನ್ನುವ ಹೆಸರಿನಲ್ಲಿ ನ್ಯೂಯಾರ್ಕಿಗೂ ಬಂತು. ಆಗ ಅಲ್ಲಿನ 'ನ್ಯೂಯಾರ್ಕ್ ಟೈಮ್ಸ್'ನಲ್ಲಿ ರೆವುಯೆಲ್ತಾಸ್‌ನನ್ನ ಪರಿಚಯಿಸಿ, ಮೆಚ್ಚಿ ಬರೆದವನು ಸಂಯೋಜಕ ಏರನ್ ಕೋಪ್ಲಂಡ್. ಚಾವೆಸ್‌ನ ಖಾಸಾ ಗೆಳೆಯ! 1932ರಲ್ಲಿ ಕೋಪ್ಲಂಡ್‌ನನ್ನ ಮೆಕ್ಸಿಕೋಗೆ ಕರೆಸಿ 'ಎಲ್ ಸಲೋನ್ ಮೆಹಿಕೊ' ಅನ್ನುವ ಕುಣಿತದ ಹಾಲಿಗೆ ಕರಕೊಂಡು ಹೋದವನೇ ಚಾವೆಸ್. ಅದೇ ಹೆಸರಿನಲ್ಲಿ ಕೋಪ್ಲಂಡ್ ಬರೆದ ಕೃತಿಯನ್ನ 1937ರ ಆಗಸ್ಟಿನಲ್ಲಿ ಮೊದಲು ನುಡಿಸಿದ್ದೂ ಚಾವೆಸ್‌ನ ಆರ್ಕೆಸ್ಟ್ರಾವೇ. ಗೆಳೆಯನ ಜೊತೆ ಮಾತು ಬಿಟ್ಟವನ ಬಗ್ಗೆ ಒಳ್ಳೇ ಮಾತು ಬರೆಯೋಕೂ ಒಂದು ಧೈರ್ಯ ಬೇಕು. ವಿಮರ್ಶಕನ ಕೆಲಸ ಅಂದ್ರೆ ಅಷ್ಟೇ ಅಲ್ವಾ?

ರೆವುಯೆಲ್ತಾಸ್‌ಗೆ ಸಿನಿಮಾ ಕೆಲಸ ಆಮೇಲೂ ಸಿಕ್ಕಿತು. 1936ರ 'ವಾಮೊನೋಸ್ ಕೊನ್ ಪಾಂಚೊ ವಿಯ್ಯಾ' ಚಿತ್ರಕ್ಕೆ ಸಂಗೀತ ಕೊಟ್ಟಿದ್ದಲ್ಲದೆ ಒಂದು ದೃಶ್ಯದಲ್ಲಿ ತಾನೇ ಕಾಣಿಸಿಕೊಂಡ. ಕ್ರಾಂತಿಕಾರಿಗಳು ಕುಡಿದು ಕೂಗಾಡುವ ಹೆಂಡದಂಗಡಿ, ಮೂಲೆಯಲ್ಲಿ ಗುಂಡುಗುಂಡಗಿನ ಪಿಯಾನೋ ವಾದಕ. ಗುಂಡಿನ ಸದ್ದು ಶುರುವಾಗುತ್ತಿದ್ದಂತೆ ಆತ ಒಂದು ಬೋರ್ಡು ಮೇಲೆತ್ತುತ್ತಾನೆ: ದಯವಿಟ್ಟು ಪಿಯಾನೋ ನುಡಿಸುವವನಿಗೆ ಹೊಡೆಯಬೇಡಿ ಅಂತ. ಮೊದಲ ಸಲ ನೋಡಿದಾಗ ಜೋರಾಗಿ ನಕ್ಕಿದ್ದೆ. ಆತನ ಕಥೆ ಓದಿಕೊಂಡ ಮೇಲೆ ಅದೇ ದೃಶ್ಯ ಬೇರೆಯದೇ ಆಯಿತು. 1937ರಲ್ಲಿ ಅಂತರ್ಯುದ್ಧದ ನಡುವಿದ್ದ ಸ್ಪೇನ್‌ಗೆ ಹೋಗಿ ಕಛೇರಿ ನಡೆಸಿದ. 1938ರಲ್ಲಿ 'ಸೆನ್ಸೆಮಯಾ' ಬರೆದ. 1939ರಲ್ಲಿ 'ಲಾ ನೋಚೆ ದೆ ಲೋಸ್ ಮಾಯಾಸ್' ಚಿತ್ರಕ್ಕೆ ಸಂಗೀತ ಕೊಟ್ಟ. ಬಡತನ, ಕುಡಿತ ಎರಡೂ ಬಿಡಲಿಲ್ಲ. 1940ರ ಅಕ್ಟೋಬರ್ 5ರಂದು ನ್ಯುಮೋನಿಯಾದಿಂದ ತೀರಿಕೊಂಡ. ನಲವತ್ತು ವರ್ಷ.

ಈ ಕಥೆಯಲ್ಲಿ ಚಾವೆಸ್‌ನನ್ನ ಖಳನಾಯಕ ಮಾಡೋದು ಬಹಳ ಸುಲಭ. ಒಬ್ಬ ಕುರ್ಚಿಯವನು, ಇನ್ನೊಬ್ಬ ಬಡ ಕಲಾವಿದ, ಸಿನಿಮಾಕ್ಕೆ ಹೇಳಿ ಮಾಡಿಸಿದ ಜೋಡಿ. ಆದರೆ ಲೆಕ್ಕ ಹಾಕಿ ನೋಡಿ. ರೆವುಯೆಲ್ತಾಸ್‌ನನ್ನ ಊರಿಗೆ ಕರೆಸಿದ್ದು ಯಾರು? ಬರೆಯೋಕೆ ಹಚ್ಚಿದ್ದು ಯಾರು? ಸ್ಟ್ರಾಂಡ್‌ನನ್ನ ತಂದಿದ್ದು, 'ರೆದೆಸ್'ಗೆ ದುಡ್ಡು ಹುಟ್ಟಿಸಿದ್ದು? 1928ರಿಂದ ಇಪ್ಪತ್ತು ವರ್ಷ ಆ ಆರ್ಕೆಸ್ಟ್ರಾ ನಡೆಸಿ, ಕಾರ್ಮಿಕರಿಗೂ ಕಛೇರಿ ಕೇಳಿಸಿದ. ಮೊನ್ಕಾಯೊ, ಗಲಿಂದೊ ಥರದ ಶಿಷ್ಯರನ್ನ ಬೆಳೆಸಿದ. ಮೊನ್ಕಾಯೊನ 'ವಾಪಾಂಗೊ' ಇವತ್ತು ಮೆಕ್ಸಿಕೋದವರಿಗೆ ಹೆಚ್ಚುಕಮ್ಮಿ ಎರಡನೇ ರಾಷ್ಟ್ರಗೀತೆ, ಅದನ್ನ ಬರೆಸಿದ್ದೂ ಇದೇ ಚಾವೆಸ್. 1947ರಲ್ಲಿ ದೇಶದ ಲಲಿತಕಲಾ ಸಂಸ್ಥೆ ಶುರುವಾದಾಗ ಮೊದಲ ನಿರ್ದೇಶಕನಾಗಿ 1952ರವರೆಗೆ ನಡೆಸಿದ. ಹಾರ್ವರ್ಡ್‌ನಲ್ಲಿ ಉಪನ್ಯಾಸ ಕೊಟ್ಟ. 1978ರಲ್ಲಿ ತೀರಿಕೊಂಡ.

ಹಾಗಂತ ಅಂಪೈರೇ ಬ್ಯಾಟ್ ಹಿಡಿದದ್ದು ಸರಿ ಅಂತಲ್ಲ. ಯಾರ ಕೃತಿ ಕಛೇರಿಯಲ್ಲಿ ಬರಬೇಕು, ಯಾರಿಗೆ ಶಾಲೆಯಲ್ಲಿ ಕೆಲಸ ಸಿಗಬೇಕು, ಯಾವುದು ಒಳ್ಳೆಯ ಸಂಗೀತ, ಎಲ್ಲಕ್ಕೂ ಒಬ್ಬನೇ ಉತ್ತರವಾದರೆ, ಆತ ಎಷ್ಟೇ ದೊಡ್ಡವನಾಗಿರಲಿ, ಉಳಿದವರಿಗೆ ಉಸಿರು ಕಟ್ಟುತ್ತೆ. ರೆವುಯೆಲ್ತಾಸ್ ಬೇರೆ ಆರ್ಕೆಸ್ಟ್ರಾಗೆ ಹೋದದ್ದು ಬರೀ ಸಿನಿಮಾದ ಕಾರಣಕ್ಕೆ ಅಂತ ನಾನು ನಂಬಲ್ಲ. ದೊಡ್ಡ ಮರದ ಕೆಳಗೆ ಸಸಿ ಬೆಳೆಯಲ್ಲ ಅಂತ ನಮ್ಮೂರಲ್ಲಿ ಯಾರನ್ನ ಕೇಳಿದರೂ ಹೇಳ್ತಾರೆ. ಚಾವೆಸ್ ಕುರ್ಚಿ ಕಳಕೊಳ್ಳದೇ ಇದ್ದಿದ್ದರೆ 'ರೆದೆಸ್'ನ ಸಂಗೀತ ನಮಗೆ ಸಿಗುತ್ತಿರಲಿಲ್ಲ ಅನ್ನುವುದೂ ಅಷ್ಟೇ ನಿಜ.

ಚಿತ್ರದ ಪ್ರತಿ ವರ್ಷ ಕಳೆದಂತೆ ಹಾಳಾಗುತ್ತಾ ಬಂತು. ಸಂಗೀತ ಮಾತ್ರ ಚಿತ್ರ ಬಿಟ್ಟು ಸ್ವತಂತ್ರವಾಗಿ ಬದುಕಿತು. ರೆವುಯೆಲ್ತಾಸ್ ಹೋದ ಮೇಲೆ, ಪ್ರಸಿದ್ಧ ನಿರ್ದೇಶಕ ಎರಿಖ್ ಕ್ಲೈಬರ್ ಅದನ್ನ ಕಛೇರಿಯಲ್ಲಿ ನುಡಿಸುವಂತೆ ಹೊಂದಿಸಿದ. 2009ರಲ್ಲಿ ಮಾರ್ಟಿನ್ ಸ್ಕಾರ್ಸೇಸಿಯ ಸಂಸ್ಥೆಯೂ ಮೆಕ್ಸಿಕೋದ ವಿಶ್ವವಿದ್ಯಾಲಯದ ಚಿತ್ರಭಂಡಾರವೂ ಕೂಡಿ ಚಿತ್ರವನ್ನ ದುರಸ್ತಿ ಮಾಡಿದವು. ಈಗ ಸ್ಟ್ರಾಂಡ್‌ನ ಸಮುದ್ರ ಕಣ್ಣು ಕುಕ್ಕುವ ಹಾಗಿದೆ. ಆದರೆ ಧ್ವನಿಪಟ್ಟಿ ಹಳೆಯದೇ. 1930ರ ದಶಕದ ಮೈಕು, ರೀಲಿನ ಅಂಚಿನ ಆ ಸಣ್ಣ ಗೆರೆ, ಅದರಲ್ಲಿ ಇಡೀ ಆರ್ಕೆಸ್ಟ್ರಾವನ್ನ ತುರುಕಿದಾಗ ಎಷ್ಟು ಉಳಿಯುತ್ತೆ?

ಅದಕ್ಕೇ ಕೆಲವು ಆರ್ಕೆಸ್ಟ್ರಾಗಳು ಈಗ ಒಂದು ದಾರಿ ಹುಡುಕಿಕೊಂಡಿವೆ. ಚಿತ್ರದ ಧ್ವನಿಪಟ್ಟಿಯಿಂದ ಸಂಗೀತ ತೆಗೆದುಹಾಕಿ ಪರದೆಯ ಮೇಲೆ 'ರೆದೆಸ್' ಓಡಿಸುತ್ತಾರೆ. ಕೆಳಗೆ ವಾದ್ಯಗಾರರು ಕೂತು, ನಿರ್ದೇಶಕ ತಲೆಯೆತ್ತಿ ಚಿತ್ರ ನೋಡುತ್ತಾ ಕೋಲು ಬೀಸಿದ ಹಾಗೆ, ರೆವುಯೆಲ್ತಾಸ್‌ನ ಸಂಗೀತವನ್ನ ಅಲ್ಲೇ ನುಡಿಸುತ್ತಾರೆ. ಅಮೆರಿಕದ ವಾಷಿಂಗ್ಟನ್ನಿನ ಪೋಸ್ಟ್‌ಕ್ಲಾಸಿಕಲ್ ಆನ್‌ಸಾಂಬಲ್ ಅನ್ನುವ ತಂಡ ಹೀಗೆ ನುಡಿಸಿ, ಆ ಸಂಗೀತದ ಜೊತೆ ಚಿತ್ರವನ್ನ ಡಿವಿಡಿಯಾಗಿಯೂ ತಂದಿದೆ. ಸಿಕ್ಕರೆ ಅದರಲ್ಲೇ ನೋಡಿ, ಹೆಡ್‌ಫೋನ್ ಹಾಕ್ಕೊಂಡು.